ರೇಡಿಯಂ ನಂದಾದೀಪ

ಹೇಳಿದ್ದರಲ್ಲಿ ಸುಳ್ಳು ಯಾವುದು? ಒಂದೂ ಇಲ್ಲ. ಸಾವಿರದಾರುನೂರು ವರ್ಷ ಕಳೆದರೂ ಆ ರೇಡಿಯಂ ಅರ್ಧದಷ್ಟು ಉಳಿದೇ ಇರುತ್ತದೆ ಎಂದದ್ದು ನಿಜ. ಅದಕ್ಕೆ ಯಾರೂ ಆಮ್ಲ ಸುರಿಯಬೇಕಿಲ್ಲ, ಯಾರೂ ಚಕ್ರ ತಿರುಗಿಸಬೇಕಿಲ್ಲ, ತನ್ನಷ್ಟಕ್ಕೆ ತಾನು ವಿದ್ಯುತ್ತು ಹುಟ್ಟಿಸುತ್ತ ಕೂತಿರುತ್ತದೆ ಎಂದದ್ದೂ ನಿಜ. ಹಾಗಾದರೆ ಎದೆಯೊಳಗೆ ಈ ಕಸಿವಿಸಿ ಯಾಕೆ? ಎಷ್ಟು ವಿದ್ಯುತ್ತು ಎಂದು ಭಾವ ಕೇಳಲಿಲ್ಲ. ಕೇಳದೆ ಇದ್ದದ್ದಕ್ಕೆ ಉತ್ತರ ಕೊಡದೆ ಇದ್ದರೆ ಅದು ಸುಳ್ಳಾಗುತ್ತದೆಯೇ?

ದಿಗಂಬರ ಹೀಗೆ ತನ್ನೊಡನೆ ತಾನೇ ವಾದ ಹೂಡಿಕೊಂಡು ಲಕಡಿ ಪೂಲ್ ಸೇತುವೆಯ ಮೇಲೆ ರಾಘಣ್ಣನ ಹಿಂದೆ ನಡೆಯುತ್ತಿದ್ದ. ಹೊಳೆಯಾಚೆಯ ಕಾಲೇಜಿನಲ್ಲಿ ಆವತ್ತು ವಾರ್ಷಿಕ ಗ್ಯಾದರಿಂಗು. ಪದಾರ್ಥವಿಜ್ಞಾನದ ಪ್ರಯೋಗಶಾಲೆಯಲ್ಲಿ ದಿಗಂಬರ ಡೆಮಾನ್‌ಸ್ಟ್ರೇಟರ್. ಧಾರವಾಡದಿಂದ ಪುಣೆಗೆ ಬಂದು ಪದವಿ ಮುಗಿಸಿ, ಅಕ್ಕ ಗೋದಾಳ ಗಂಡನ ಮನೆಯಲ್ಲೇ ಉಳಿದುಕೊಂಡವನು. ಆ ಗಂಡನೇ ರಾಘಣ್ಣ, ಮಿಲಿಟರಿ ಲೆಕ್ಕದ ಕಚೇರಿಯಲ್ಲಿ ಹೆಡ್ ಕ್ಲಾರ್ಕು. ಭಾವಮೈದುನ ದಿನವೆಲ್ಲ ಏನು ಮಾಡುತ್ತಾನೆ ನೋಡೋಣ ಎಂದು ಅವರು ಆವತ್ತು ಜರಿಯಂಚಿನ ರುಮಾಲು ಸುತ್ತಿಕೊಂಡು ಬಂದಿದ್ದರು.

ನೋಡಿ ಬೆರಗಾಗಿದ್ದರು. ಒಳಗೆಲ್ಲ ಬೆಳ್ಳಿಯ ಲೇಪವಿದ್ದ ಒಂದು ದುಂಡು ಗಾಜಿನ ಬುಡ್ಡಿ. ಅದರೊಳಗಿನ ಗಾಳಿಯನ್ನೆಲ್ಲ ಹೀರಿ ತೆಗೆದು ಬಾಯಿ ಮುಚ್ಚಿದ್ದಾರೆ. ನಟ್ಟನಡುವೆ, ಯಾವುದನ್ನೂ ಮುಟ್ಟದ ಹಾಗೆ, ಸಾಸಿವೆಯಷ್ಟು ರೇಡಿಯಂ ತುಂಬಿದ ಸಣ್ಣ ನಳಿಗೆ. ನಳಿಗೆಯ ತುದಿಗೆ ಬಂಗಾರದ ತಗಡಿನ ಒಂದು ಎಳೆ. ಬುಡ್ಡಿಯ ಬೆಳ್ಳಿಯಲ್ಲಿ ಬಿಟ್ಟ ಸಣ್ಣ ಕಿಂಡಿಯಿಂದ ಇಣುಕಿದರೆ ಆ ಎಳೆ ಮೆಲ್ಲಗೆ, ಯಾರೋ ಊದಿದ ಹಾಗೆ, ಪಕ್ಕಕ್ಕೆ ಸರಿಯುತ್ತಿತ್ತು. ಸರಿದು ಸರಿದು ಬದಿಯ ತಂತಿಗೆ ತಾಗುತ್ತಿತ್ತು. ತಾಗಿದೊಡನೆ ಸೋತು ಕೆಳಗೆ ಬೀಳುತ್ತಿತ್ತು. ಮತ್ತೆ ಮೊದಲಿನಿಂದ. ಶಬ್ದ ಎಂಬುದು ಇಲ್ಲ.

"ಅಲ್ಲೋ ದಿಗಂಬರಾ, ಅದಕ್ಕ ಖರೇನ ಯಾರೂ ಏನೂ ಹಾಕೂದಿಲ್ಲ?" ರಾಘಣ್ಣ ಸೇತುವೆಯ ನಡುವೆ ನಿಂತು ಕೇಳಿದರು.

"ಇಲ್ಲ ಭಾವಾ."

"ಎಣ್ಣಿ?"

"ಇಲ್ಲ."

"ನೀರು?"

"ಏನೂ ಇಲ್ಲ. ರೇಡಿಯಮ್ಮಿನ ಅಣು ತಾನs ಒಡೀತದ. ಒಡೆದಾಗೊಮ್ಮೆ ಅದರಿಂದ ಒಂದು ಚೂರು ವಿದ್ಯುತ್ತು ಹೊರಗ ಸಿಡೀತದ. ಅದನ್ನ ಸುತ್ತಲಿನ ಬೆಳ್ಳಿ ಹಿಡಕೋತದ. ನಡುವಿನ ನಳಿಗಿಗೆ ಅಷ್ಟು ಕೊರತೆ, ಗ್ವಾಡಿಗೆ ಅಷ್ಟು ಜಮಾ. ಹಂಗs ಏರಿಕೋತ ಹೋಗತದ."

"ನಿನಗಿಂತ ವಾಸಿ ಅನ್ನು. ಉಣ್ಣೂದಿಲ್ಲ, ದುಡಿಯೂದು ಬಿಡೂದಿಲ್ಲ." ತಮ್ಮ ಮಾತಿಗೆ ತಾವೇ ನಕ್ಕು, ಆಮೇಲೆ ದನಿ ತಗ್ಗಿಸಿದರು. "ಕಿಮ್ಮತ್ತು ಎಷ್ಟೋ ಅದಕ್ಕ?"

ಇಲ್ಲಿ ದಿಗಂಬರನಿಗೆ ಒಂದು ಹುಮ್ಮಸ್ಸು ಬಂತು. ಮನೆಯಲ್ಲಿ ಅವನ ಮಾತನ್ನು ಯಾರೂ ಇಷ್ಟು ಕಿವಿಗೊಟ್ಟು ಕೇಳಿದವರಲ್ಲ. "ಬಂಗಾರ ಅದರ ಮುಂದ ಹುಲ್ಲು, ಭಾವಾ. ಒಂದು ಚಿಟಿಕಿ ಇದ್ದರ ನಮ್ಮ ನಾರಾಯಣ ಪೇಠದಾಗಿನ ದೊಡ್ಡ ದೊಡ್ಡ ವಾಡೇ ಎಲ್ಲಾ ಕೊಂಡು ಬಿಡಬಹುದು."

ರಾಘಣ್ಣ ಹೊಳೆಯ ಕಡೆ ತಿರುಗಿದರು. ಲೆಕ್ಕ ಹಾಕುವಾಗ ಅವರ ತುಟಿ ಅಲುಗುತ್ತಿತ್ತು.

"ಹಂಗಾರ ನಮ್ಮ ದೇವರ ಮುಂದ ಇಂಥಾದ್ದೊಂದು ದೀಪ ಮಾಡಿ ಇಟ್ಟರ? ನಂದಾದೀಪ ಆರಬಾರದು ಅಂತ ಅವ್ವ ಹರಕಿ ಹೊತ್ತಾಳ. ಎಣ್ಣಿದೇ ಆಗಬೇಕು ಅಂತ ಎಲ್ಲಿ ಹೇಳ್ಯಾಳ? ಹೇಳು."

"ಹೇಳಿಲ್ಲ."

"ಅಂಥಾದ್ದೊಂದು ನೀ ಮಾಡಿಕೊಡು. ಅಂಬಾನ್ನ ಆ ನರ್ಮದಾಬಾಯಿ ಕಡೆ ಕಳಿಸಿಬಿಡತೀನಿ. ಮಾತಂದ್ರ ಮಾತು."

ಆ ಮಾತಿಗೇ ದಿಗಂಬರನ ಬಾಯಿ ಕಟ್ಟಿತು. ಅದು ದೀಪ ಉರಿಸುವಷ್ಟು ವಿದ್ಯುತ್ತಲ್ಲ ಎಂದು ಹೇಳಬೇಕಾದ ಗಳಿಗೆ ಅದೇ ಆಗಿತ್ತು.

ಅಂಬಾ ರಾಘಣ್ಣನ ತಂಗಿ. ಹತ್ತರಲ್ಲಿ ಮದುವೆ, ಹದಿಮೂರರಲ್ಲಿ ಎಲ್ಲ ಮುಗಿದು ಅಣ್ಣನ ಮನೆಗೆ ಬಂದವಳು. ತಲೆ ಬೋಳಿಸಲು ರಾಘಣ್ಣನೇ ಬಿಡಲಿಲ್ಲ. ಸುಧಾರಣೆಯ ಪತ್ರಿಕೆಗಳನ್ನು ತರಿಸಿ ಓದುವ ಮನುಷ್ಯ. ಆ ವಿಷಯದಲ್ಲಿ ಇಡೀ ಪೇಠೆಯ ಎದುರು ಗಟ್ಟಿಯಾಗಿ ನಿಂತಿದ್ದರು. ಆದರೆ ಇನ್‌ಫ್ಲುಯೆಂಜಾ ಬಂದ ವರ್ಷ, ರಾಘಣ್ಣ ಸಾವಿನ ಬಾಗಿಲಿನಲ್ಲಿ ಮಲಗಿದ್ದಾಗ, ಅವರ ತಾಯಿ ದೇವರ ಮುಂದೆ ಒಂದು ದೀಪ ಹಚ್ಚಿ, ಮಗ ಉಳಿದರೆ ಈ ಮನೆಯಲ್ಲಿ ಇದನ್ನು ಆರಗೊಡುವುದಿಲ್ಲ ಎಂದು ಹರಕೆ ಹೊತ್ತಿದ್ದರು. ಮಗ ಉಳಿದ. ತಾಯಿ ಹೋದಳು. ದೀಪ ಅಂಬಾಳ ಪಾಲಿಗೆ ಬಂತು. ಗೋದಾಳಿಗೆ ಮಕ್ಕಳು, ಅಡಿಗೆ, ತಿಂಗಳಿಗೊಮ್ಮೆ ಹೊರಗಾಗುವುದು. "ನನ್ನ ಕೈ ಯಾವಾಗಲೂ ಹಿಟ್ಟಿನಾಗs ಇರತದ, ನನಗ ಆ ದೀಪ ಹಚ್ಚಬ್ಯಾಡ್ರಿ" ಎಂದು ಅವಳು ಮೊದಲೇ ಪಾರಾಗಿದ್ದಳು. ಅಂಬಾಳ ಹೊರಗಿನ ದಿನಗಳಲ್ಲಿ ರಾಘಣ್ಣ ಗೊಣಗುತ್ತ ತಾವೇ ಎಣ್ಣೆ ಹಾಕುತ್ತಿದ್ದರು. ಉಳಿದ ದಿನವೆಲ್ಲ ಅದು ಅವಳದು.

ಹಣತೆಯಲ್ಲಿ ಎಣ್ಣೆ ಇರುವಷ್ಟು ಹೊತ್ತು ಅವಳು ಹೊರಗೆ ಹೋಗಬಹುದಿತ್ತು. ಓಂಕಾರೇಶ್ವರದ ಹೊಳೆದಂಡೆ, ತುಳಶೀಬಾಗಿನ ಕಾಯಿಪಲ್ಲೆ, ಅಷ್ಟೆ. ಪರ್ವತಿ ಗುಡ್ಡ ದೂರವಾಯಿತು. ಪುಣೆಯಲ್ಲಿ ಅವಳ ಊರು ಒಂದು ಹಣತೆ ಎಣ್ಣೆಯಷ್ಟು ಅಗಲವಾಗಿತ್ತು.

ಗೋದಾಳ ಕೊನೆಯ ಹೆರಿಗೆಗೆ ರಾಸ್ತಾ ಪೇಠೆಯಿಂದ ನರ್ಮದಾಬಾಯಿ ಬಂದಿದ್ದರು. ಬೆಳಗಾವಿ ಕಡೆಯ ಹೆಂಗಸು, ಪುಣೆಯಲ್ಲಿ ಸಣ್ಣದೊಂದು ಹೆರಿಗೆಮನೆ ನಡೆಸುತ್ತಿದ್ದವರು. ಮಗು ಅಡ್ಡವಾಗಿತ್ತು. ಆವತ್ತು ಅಂಬಾಳ ಕೈ ಮಾಡಿದ ಕೆಲಸ ನೋಡಿ ಅವರು ರಾಘಣ್ಣನಿಗೆ ನೇರವಾಗಿ ಹೇಳಿದ್ದರು: "ರಾಘಣ್ಣಾ, ಈ ಕೈ ನನಗ ಕೊಡ್ರಿ. ಎರಡು ವರ್ಷ ನನ್ನ ಕಡೆ ಇದ್ದು ಕಲೀಲಿ. ಮುಂದ ಆಕಿ ತನ್ನ ಕಾಲ ಮ್ಯಾಲ ತಾ ನಿಂದರತಾಳ."

"ನಂದೇನು ಅಡ್ಡಿ ಇಲ್ಲರಿ," ಎಂದಿದ್ದರು ರಾಘಣ್ಣ, ಮನಸ್ಸಿನಿಂದಲೇ. "ದೀಪದ್ದೇನು ಮಾಡೂದು?"

ಮರುದಿನ ಮಧ್ಯಾಹ್ನ ದಿಗಂಬರ ದೇವರ ಕೋಣೆಯ ಹೊಸ್ತಿಲ ಹೊರಗೆ ಕೂತಿದ್ದ. ಒಳಗೆ ಅಂಬಾ ಬತ್ತಿ ಹೊಸೆಯುತ್ತಿದ್ದಳು. ಮಡಿಯಲ್ಲಿದ್ದಳು, ಆದ್ದರಿಂದ ಅವನು ಹೊಸ್ತಿಲು ದಾಟುವಂತಿರಲಿಲ್ಲ.

"ಅಣ್ಣ ಬೆಳಿಗ್ಗಿಂದ ರೇಡಿಯಂ ರೇಡಿಯಂ ಅಂತ ಜಪ ನಡಿಸ್ಯಾನ. ಏನೋ ಅದು?"

ಅವನು ವಿವರಿಸಿದ. ನಡುವಿನ ನಳಿಗೆಯನ್ನು ಏನೂ ಮುಟ್ಟಬಾರದು, ತೇವದ ಗಾಳಿ ಸಹ ತಾಗಬಾರದು. ಮುಟ್ಟಿದರೆ ಅಲ್ಲಿಯವರೆಗೆ ಕೂಡಿಟ್ಟದ್ದೆಲ್ಲ ಹರಿದು ಹೋಗುತ್ತದೆ, ಮತ್ತೆ ಮೊದಲಿನಿಂದ ಶುರು.

"ಮಡಿ ಕೆಟ್ಟಂಗ," ಎಂದಳು ಅಂಬಾ. "ಮತ್ತ ಸ್ನಾನ, ಮತ್ತ ಒದ್ದಿ ಸೀರಿ." ಆಮೇಲೆ ಬತ್ತಿಯನ್ನು ಬೆಳಕಿಗೆ ಹಿಡಿದು ನೋಡುತ್ತ, "ಯಾರೂ ಮುಟ್ಟದಿದ್ದರ? ಏರಿಕೋತs ಹೋಗತದೇನು?"

"ಹೋಗತದ. ಒಂದು ಮಿತಿ ತನಕ. ಆಮ್ಯಾಲ ಒಂದೋ ಗಾಜನ್ನ ತೂತು ಮಾಡಿಕೊಂಡು ಹೋಗತದ, ಇಲ್ಲಾ ಹೊರಗ ಬರೂದನ್ನ ತಾನs ತಡಕೋತದ."

"ಪಾಪ," ಎಂದಳು. ಯಾರಿಗೆ ಎಂದು ಹೇಳಲಿಲ್ಲ. "ದಿಗಂಬರಾ, ಖರೇ ಹೇಳು. ದೀಪ ಆಗತದೇನು ಅದರಿಂದ?"

ಅವನು ಅವಳ ಕೈಗಳನ್ನು ನೋಡಿದ. ಎಣ್ಣೆ ಕುಡಿದು ಕುಡಿದು ಬೆರಳತುದಿಗಳು ಕಪ್ಪಾಗಿ ಹೊಳೆಯುತ್ತಿದ್ದವು. "ಆಗತದ ಅಂಬಕ್ಕಾ," ಎಂದ.

ಪ್ರಯೋಗಶಾಲೆಗೆ ಹೋಗಿ ಗುಣಾಕಾರ ಮಾಡಿದ. ಗೊತ್ತಿದ್ದದ್ದೇ ಹೊರಬಿತ್ತು. ಆ ಬುಡ್ಡಿಯಲ್ಲಿ ಒತ್ತಡ ಬೇಕಾದಷ್ಟು ಏರುತ್ತದೆ, ಹರಿವು ಮಾತ್ರ ಇಲ್ಲವೇ ಇಲ್ಲ ಎನ್ನಬೇಕು. ಕೈಯಲ್ಲಿ ಹಿಡಿಯುವ ಬ್ಯಾಟರಿಯ ಪುಟ್ಟ ಬಲ್ಬು ಹತ್ತಬೇಕಾದರೂ ಅಂಥ ಬುಡ್ಡಿಗಳು ಸಾವಿರಾರು ಕೋಟಿ ಬೇಕು. ಜಗತ್ತಿನಲ್ಲಿ ಅಷ್ಟು ರೇಡಿಯಮ್ಮೇ ಇಲ್ಲ. ಯುಗಯುಗ ನಡೆಯುವ ಶಕ್ತಿ. ಆದರೆ ಅದರ ಕೈಲಾಗುವುದು ಒಂದು ಬಂಗಾರದ ಎಳೆಯನ್ನು ಸರಿಸುವುದಷ್ಟೆ.

ಆಗ ನೆನಪಾದವನು ಶಿವಪ್ಪ. ಧಾರವಾಡದಲ್ಲಿ ಒಂದೇ ಬೆಂಚಿನಲ್ಲಿ ಕೂತವನು. ಈಗ ಪುಣೆಯ ಪಕ್ಕದ ಖಡಕಿಯಲ್ಲಿ, ಒಬ್ಬ ಗುತ್ತಿಗೆದಾರನ ಶೆಡ್ಡಿನಲ್ಲಿ, ಮಿಲಿಟರಿಯ ದಿಕ್ಸೂಚಿಗಳ ಮುಖ ಕೆರೆದು ಹೊಸದಾಗಿ ಬಣ್ಣ ಹಾಕುತ್ತಿದ್ದ. ಕತ್ತಲೆಯಲ್ಲಿ ಹೊಳೆಯುವ ಬಣ್ಣ. ಅದರಲ್ಲಿಯೂ ಇದ್ದದ್ದು ರೇಡಿಯಮ್ಮೇ, ಧೂಳಿನ ಧೂಳಿನಷ್ಟು. ಅದು ಒಡೆದು ಸಿಡಿಯುವ ಕಣಗಳು ಜೊತೆಗೆ ಬೆರೆಸಿದ ಸತುವಿನ ಪುಡಿಗೆ ಬಡಿಯುತ್ತವೆ. ಬಡಿದಲ್ಲೆಲ್ಲ ಪುಡಿ ಮಿನುಗುತ್ತದೆ. ವಿದ್ಯುತ್ತನ್ನು ಕೂಡಿಡುವ ರಗಳೆಯೇ ಇಲ್ಲ.

"ಲೇ ದಿಗ್ಯಾ, ಕೆರೆದ ಪುಡೀ ಏನು ಮಾಡತಿಯೋ?" ಶಿವಪ್ಪ ಕೇಳಿದ. "ಅದು ಕಸ. ಹಿತ್ತಲದಾಗ ತೆಗ್ಗು ತೋಡಿ ಹುಗಿತೀವಿ. ನನ್ನ ಉಗುರೊಳಗ ಹೊಕ್ಕು ಕುಂತೈತಿ ನೋಡು. ಸಿನೇಮಾಕ್ಕ ಹೋದರ ನನ್ನ ಕೈ ಹೊಳೀತಾವು, ಬಾಜೂಕಿನ ಹೆಣಮಗಳು ಚೀರಿಕೊಂಡು ಎದ್ದಳು."

"ದೇವರಿಗೆ ಬೇಕಾಗೇದ."

"ನಿಮ್ಮ ದೇವರಿಗೆ ಈಗ ಮಿಲಿಟರಿ ರೇಶನ್ ಏನು?" ಶಿವಪ್ಪ ನಕ್ಕ. ಆದರೆ ತಂಬಾಕಿನ ಡಬ್ಬಿಯಲ್ಲಿ ಪುಡಿ ತುಂಬಿ ಕೊಡುವಾಗ ಬಾಗಿಲ ಕಡೆ ನೋಡಿಕೊಂಡ. "ಕಸ ಖರೆ. ಆದರ ಶೆಡ್ಡಿನಾಗಿಂದು ಏನs ಹೊರಗ ಹೋದರೂ ಕಳವು ಅಂತ ಬರದೈತಿ ಗ್ವಾಡೀ ಮ್ಯಾಲ. ನನ್ನ ಹೆಸರು ಬಾಯಾಗ ಬರಬಾರದು."

ದಿಗಂಬರ ಒಂದು ಸಣ್ಣ ಗಾಜಿನ ಬುಡ್ಡಿಯ ಒಳಮೈಗೆ ಅಂಟು ಸವರಿ, ಆ ಪುಡಿಯನ್ನು ತೆಳ್ಳಗೆ ಹಿಡಿಸಿ, ಬಾಯಿಯನ್ನು ಉರಿಯಲ್ಲಿ ಕರಗಿಸಿ ಮುಚ್ಚಿದ. ಕತ್ತಲೆಯ ಕೋಣೆಯಲ್ಲಿ ಅದು ಹಸಿರು ಮಿಶ್ರಿತ ಬೆಳದಿಂಗಳಿನ ಹಾಗೆ ನಿಂತಿತು. ಸುಂದರವಾಗಿತ್ತು. ಅದನ್ನು ನೋಡುತ್ತ ಕೂತಾಗ, ತಾನು ಮಾಡಿದ್ದು ಸರಿ ಎಂದು ಅವನಿಗೆ ಬಹುತೇಕ ಅನ್ನಿಸಿತು.

ಯುಗಾದಿಯ ದಿನ ಅದನ್ನು ದೇವರ ಗೂಡಿನಲ್ಲಿ ಇಟ್ಟರು. ಕಿಟಕಿಯ ಒಂದು ಬಾಗಿಲು ಮುಚ್ಚಿದರೆ ಹಗಲಿನಲ್ಲೂ ಕಾಣುತ್ತಿತ್ತು. ಆಚಾರ್ಯರೊಬ್ಬರನ್ನು ರಾಘಣ್ಣ ಮೊದಲೇ ಕೇಳಿಕೊಂಡು ಬಂದಿದ್ದರು. "ಎಣ್ಣಿ ಬತ್ತಿ ಇಲ್ಲದ್ದು ದೀಪ ಹ್ಯಾಂಗ ಆದೀತು" ಎಂಬ ಪ್ರಶ್ನೆಗೆ ಅವರು, "ಸೂರ್ಯಗ ಯಾರು ಎಣ್ಣಿ ಹಾಕತಾರಪಾ" ಎಂದು ನಕ್ಕಿದ್ದರಂತೆ. ಆ ಮಾತನ್ನು ರಾಘಣ್ಣ ಬಂದವರಿಗೆಲ್ಲ ಹೇಳಿದರು. ಬಂದವರೂ ಬಹಳ. ಪೇಠೆಯ ಕನ್ನಡದವರೆಲ್ಲ ಸಾಲಾಗಿ ಬಂದು ಇಣುಕಿದರು.

"ರೇಡಿಯಂ ಬ್ಯಾಟರಿ," ಎನ್ನುತ್ತಿದ್ದರು ರಾಘಣ್ಣ. "ಸಾವಿರದಾರುನೂರು ವರ್ಷ!"

"ಭಾವಾ, ಇದರಾಗ ಬ್ಯಾಟರಿ ಅಂಬೋದು ಇಲ್ಲ," ದಿಗಂಬರ ಪಕ್ಕಕ್ಕೆ ಕರೆದು ಹೇಳಿದ. "ಇದು ಬ್ಯಾರೆ ರೀತಿ. ಇಲ್ಲೆ ವಿದ್ಯುತ್ತು..."

"ಅದs ರೇಡಿಯಂ ಹೌದಲ್ಲೋ?"

"ಅದs. ಆದರ..."

"ಮುಗೀತು. ನಿನ್ನ ಕ್ಲಾಸು ಕಾಲೇಜಿನಾಗ ಇರಲಿ."

ಮಂದಿ ಹೋದ ಮೇಲೆ ಎಣ್ಣೆಯ ದೀಪವನ್ನು ಅದರಷ್ಟಕ್ಕೆ ಬಿಟ್ಟರು. ಎಣ್ಣೆ ತಳಕ್ಕಿಳಿಯಿತು. ಬತ್ತಿ ಚಟಪಟ ಎಂದಿತು. ಅಂಬಾಳ ಕೈ ಅಭ್ಯಾಸದಿಂದ ಎಣ್ಣೆಯ ಗಿಂಡಿಯ ಕಡೆ ಹೋಯಿತು. ಹೋದದ್ದನ್ನು ತಾನೇ ನೋಡಿ ಹಿಂದಕ್ಕೆ ತೆಗೆದುಕೊಂಡಳು. ದೀಪ ಆರಿತು. ಆ ಮನೆಯಲ್ಲಿ ಇಪ್ಪತ್ತೈದು ವರ್ಷಗಳ ಮೇಲೆ ಆದ ಕತ್ತಲೆ ಅದು. ಅದರೊಳಗೆ ಹಸಿರು ಬುಡ್ಡಿ ತಣ್ಣಗೆ ಬೆಳಗುತ್ತಿತ್ತು. ಅಂಬಾ ಅದರ ಹತ್ತಿರ ಅಂಗೈ ಒಡ್ಡಿದಳು.

"ಶಾಖ ಇಲ್ಲೋ ಇದಕ್ಕ," ಎಂದಳು. ಆದರೆ ಆ ಸಂಜೆಯೇ ಎರಡು ಸೀರೆ ಮಡಿಚಿ ಒಂದು ಗಂಟು ಕಟ್ಟಿಟ್ಟಳು.

"ನಾಕು ದಿನ ತಡಿ," ಎಂದರು ರಾಘಣ್ಣ.

ನಾಲ್ಕು ದಿನ ಆದ ಮೇಲೆ ಒಬ್ಬ ಬಡಿಗ ಬಂದು ದೇವರ ಕೋಣೆಯ ಕಿಟಕಿಗೆ ಸರಳು ಹೊಡೆದ. ಬಾಗಿಲಿಗೆ ಒಳಗಿನಿಂದ ಅಗುಳಿ, ಹೊರಗಿನಿಂದ ಕೀಲಿ. ರಾಘಣ್ಣ ಉಂಡು ಕೈ ತೊಳೆಯುತ್ತ ಎಲ್ಲರಿಗೂ ಕೇಳುವ ಹಾಗೆ ಹೇಳಿದರು: "ನೋಡ್ರಿ, ಊರೆಲ್ಲಾ ಸುದ್ದಿ ಆಗೇದ. ಬಂಗಾರಕ್ಕಿಂತ ಹೆಚ್ಚಿನ ವಸ್ತು ಮನ್ಯಾಗ ಬಂದು ಕೂತದ. ಬಾಡಿಗಿ ಮನುಷ್ಯಾನ್ನ ಕಾವಲಿಗೆ ಇಟ್ಟರ ಅವನs ಒಯ್ಯತಾನ. ದೇವರ ಕೋಣಿ ಬ್ಯಾರೆ, ಮಡಿ ಇಲ್ಲದವರು ಹೋಗೂಹಂಗಿಲ್ಲ. ಅಂಬಾ ಅಲ್ಲೇ ಮಲಕೊಳ್ಳಲಿ. ಹಗಲಿನಾಗೂ ಆಕಿ ಇದ್ದರ ಚಲೋ."

"ನರ್ಮದಾಬಾಯಿ ಕಡೆ?" ಗೋದಾ ಕೇಳಿದಳು.

"ಯಾರು ಬ್ಯಾಡಂದ್ರು? ಒಂದು ವ್ಯವಸ್ಥಾ ಆಗಲಿ, ಕಳಸೂಣು."

"ಚಲೋ ಆತು," ಎಂದಳು ಗೋದಾ, ತಟ್ಟೆ ಎತ್ತುತ್ತ. "ಮೊದಲು ಎಣ್ಣಿ ಮುಗಿಯೂತನಾ ಆದರೂ ಬಿಡುವು ಇತ್ತು ಆಕಿಗೆ. ಈಗ ಸಾವಿರದಾರುನೂರು ವರ್ಷ ಎಣ್ಣಿ ತುಂಬಿ ಇಟ್ಟಾರ."

ದಿಗಂಬರ ತಲೆ ತಗ್ಗಿಸಿ ಮೊಸರನ್ನ ಕಲಸುತ್ತಿದ್ದ. ಬೆಲೆಯ ಮಾತು ತನ್ನದು. ಆ ಹುಮ್ಮಸ್ಸಿನ ಒಂದು ವಾಕ್ಯ ಈಗ ಸರಳಾಗಿ, ಅಗುಳಿಯಾಗಿ ನಿಂತಿತ್ತು. ಬಿಚ್ಚುವುದು ಎಷ್ಟು ಸುಲಭ! ಕಾಲೇಜಿನದು ಬೇರೆ, ಇದು ಬೇರೆ. ಇದು ಕಸ, ಕಳ್ಳ ಬಂದರೆ ಮೂಸಿ ಬಿಟ್ಟು ಹೋಗುತ್ತಾನೆ ಎಂದರೆ ಸಾಕು. ಮರುದಿನ ಬೆಳಿಗ್ಗೆ ಹೇಳುವುದೆಂದು ನಿಶ್ಚಯಿಸಿ ಅವನು ರಾಘಣ್ಣನ ಮುಂದೆ ಹೋಗಿ ನಿಂತ. ಅವರು ಕಚೇರಿಗೆ ಹೊರಡಲು ಕೋಟಿನ ಗುಂಡಿ ಹಾಕುತ್ತಿದ್ದರು.

"ಭಾವಾ, ಆ ರೇಡಿಯಂ ಎಲ್ಲಿಂದ ಬಂತು ಅಂತ ನೀವು ಕೇಳಲಿಲ್ಲ."

"ಕಾಲೇಜಿನ ಸಾಹೇಬರು ಕೊಟ್ಟಿರತಾರ. ಕಳವಿನ ಮಾಲು ನಮ್ಮ ದೇವರ ಮುಂದ ನೀ ತಂದಿಡತೀ ಏನು?" ರಾಘಣ್ಣ ಕನ್ನಡಿಯಲ್ಲಿ ನೋಡುತ್ತ ನಕ್ಕರು. "ಮಾತಿಗೆ ಹೇಳತೀನಿ, ನಿನ್ನೆ ಒಂದು ಕಾಗದ ನನ್ನ ಮೇಜಿಗೆ ಬಂದಿತ್ತು. ಖಡಕಿ ಕಡೆ ಒಬ್ಬಾವ ದುರ್ಬೀನಿನ ಒಡಕ ಗಾಜು ಕಿಸೆದಾಗ ಹಾಕಿಕೊಂಡು ಹೊಂಟಿದ್ದ. ಒಡಕ ಗಾಜು! ಯೆರವಡಾ ಜೇಲಿಗೆ ಕಳಿಸಿದರು. ಯುದ್ಧದ ಕಾಲ. ಏನೋ ಹೇಳಲಿಕ್ಕೆ ಬಂದಿದ್ದಿಯಲ್ಲ?"

"ಏನಿಲ್ಲರಿ," ಎಂದ ದಿಗಂಬರ.

ಸುಮ್ಮನಿರುವುದಕ್ಕೆ ಅವನಿಗೊಂದು ಕಾರಣ ಸಿಕ್ಕಿತು, ಒಳ್ಳೆಯ ಕಾರಣ. ಶಿವಪ್ಪನಿಗೆ ಹೆಂಡತಿ, ಎರಡು ಮಕ್ಕಳು. ರಾಘಣ್ಣನದು ಮಿಲಿಟರಿ ಕಚೇರಿಯ ನೌಕರಿ. ಅವರ ಮನೆಯಲ್ಲೇ ಮಾಲು. ಯುದ್ಧ ಮುಗಿಯಲಿ, ಆಗ ಹೇಳಿದರಾಯಿತು. ಈ ಕಾರಣವನ್ನು ಅವನು ಎಷ್ಟು ಸಲ ತಿರುವಿ ನೋಡಿದರೂ ಅದರಲ್ಲಿ ಬಿರುಕು ಕಾಣಲಿಲ್ಲ. ಅದೇ ಅವನನ್ನು ಹೆದರಿಸುತ್ತಿತ್ತು.

ಅಂಬಾಳ ಗಂಟು ಮೂಲೆಯಲ್ಲಿ ಕೆಲವು ತಿಂಗಳು ಹಾಗೇ ಇತ್ತು. ಆಮೇಲೆ ಒಂದು ದಿನ ಅದರೊಳಗಿನ ಸೀರೆ ಅವಳ ಮೈಮೇಲೆ ಕಂಡಿತು.

ಮೂರನೆಯ ವರ್ಷಕ್ಕೆ ಬೆಳಕು ಇಳಿಯಿತು. ಬೇರೆ ಯಾರಿಗೂ ತಿಳಿಯಲಿಲ್ಲ, ಏಕೆಂದರೆ ಬೇರೆ ಯಾರೂ ಅದನ್ನು ನೋಡುವುದು ಬಿಟ್ಟಿದ್ದರು. ಅಂಬಾ ಮೊದಲು ಕಿಟಕಿಯ ಎರಡನೆಯ ಬಾಗಿಲು ಮುಚ್ಚಿದಳು. ಆಮೇಲೆ ಸಂದಿಗೆ ಬಟ್ಟೆ ತುರುಕಿದಳು. ಆಮೇಲೆ ಕರಿಯ ಕಂಬಳಿಯೊಂದನ್ನು ಇಳಿಬಿಟ್ಟಳು. ದೀಪ ಎಷ್ಟು ಮಂಕಾಯಿತೋ ಕೋಣೆಯನ್ನು ಅಷ್ಟು ಕತ್ತಲೆ ಮಾಡಿದಳು. ಹಾಗೆ ಮಾಡಿದರೆ ಅದು ಮೊದಲಿನಷ್ಟೇ ಬೆಳಗಿದಂತೆ ಕಾಣುತ್ತಿತ್ತು. ಅಂಗಳಕ್ಕೆ ಬಂದರೆ ಬಿಸಿಲಿಗೆ ಅವಳ ಕಣ್ಣಲ್ಲಿ ನೀರು ಸುರಿಯುತ್ತಿತ್ತು. ಸೆರಗು ಮರೆ ಮಾಡಿಕೊಂಡು ಗೋಡೆ ಹಿಡಿದು ನಡೆಯುತ್ತಿದ್ದಳು.

"ದಿಗಂಬರಾ," ಒಂದು ಮಧ್ಯಾಹ್ನ ಒಳಗಿನಿಂದ ಕರೆದಳು. ಅವನಿಗೆ ಅವಳ ಮುಖ ಕಾಣಲಿಲ್ಲ, ದನಿ ಮಾತ್ರ. "ಇದರೊಳಗಿಂದು ಮುಗೀಲಿಕ್ಕೆ ಬಂತೇನು?"

"ಇಲ್ಲ ಅಂಬಕ್ಕಾ. ರೇಡಿಯಂ ಹೆಂಗಿತ್ತೋ ಹಂಗs ಅದ."

"ಮತ್ತ?"

"ಅದರ ಸುತ್ತಲಿನ ಪುಡಿ ಅದಲ್ಲ, ಬೆಳಕು ಕೊಡೂದು... ಹಗಲು ರಾತ್ರಿ ಹೊಡತ ತಿಂದು ತಿಂದು ಅದು ದಣದದ. ಇದು ಹೊಡೆಯೂದು ನಿಂದರಂಗಿಲ್ಲ. ಅದರ ಕೈಲೆ ಇನ್ನ ಆಗೂದಿಲ್ಲ."

ಒಳಗೆ ಕಂಬಳಿ ಸರಿಸಿದ ಸದ್ದಾಯಿತು.

"ಹಾಂ," ಎಂದಳು. "ಅಣ್ಣಗ ಹೇಳಬ್ಯಾಡ. ಆರಿಸಿದವಳು ನಾನs ಅಂದಾನು."

ಯುದ್ಧ ಮುಗಿದು ವರ್ಷವಾಗುತ್ತ ಬಂದಿತ್ತು. ಗುತ್ತಿಗೆದಾರ ಶೆಡ್ಡು ಮುಚ್ಚಿಕೊಂಡು ಹೋಗಿದ್ದ. ಶಿವಪ್ಪ ಹುಬ್ಬಳ್ಳಿಯಲ್ಲಿ ಗಡಿಯಾರದ ಅಂಗಡಿ ಇಟ್ಟಿದ್ದ. ರಾಘಣ್ಣ ಪೆನ್ಶನ್ನಿಗೆ ಬಂದಿದ್ದರು. ದಿಗಂಬರ ಕಾಯುತ್ತಿದ್ದ ದಿನ ಬಂದು ದಾಟಿಯೂ ಹೋಗಿತ್ತು. ಹೇಳಬಾರದೆಂಬುದಕ್ಕೆ ಇದ್ದ ಕಾರಣಗಳೆಲ್ಲ ಒಂದೊಂದಾಗಿ ಬಿದ್ದುಹೋದ ಮೇಲೆ ಅವನಿಗೆ ಗೊತ್ತಾಯಿತು, ಈಗ ಹೇಳುವುದು ಮೊದಲಿಗಿಂತ ಕಷ್ಟ ಎಂದು. ಮೊದಲ ದಿನ ಹೇಳಿದ್ದರೆ ಒಂದು ಪುಡಿಯ ಬೆಲೆ ಹೇಳಿದಂತಾಗುತ್ತಿತ್ತು. ಇವತ್ತು ಹೇಳಿದರೆ ಅಂಬಾಳ ಇಷ್ಟು ವರ್ಷಗಳ ಬೆಲೆ ಹೇಳಬೇಕು.

ಶ್ರಾವಣದ ಒಂದು ಹಗಲು ನರ್ಮದಾಬಾಯಿ ಟಾಂಗಾದಿಂದ ಇಳಿದರು. ಮಳೆ ಹನಿಯುತ್ತಿತ್ತು. ಕೊಡೆಯನ್ನು ಬಾಗಿಲಲ್ಲೇ ಝಾಡಿಸಿ ಒಳಗೆ ಬಂದು, ಚಹಾ ಬೇಡವೆಂದು ಕೂತರು.

"ರಾಘಣ್ಣಾ, ನನಗ ವಯಸ್ಸಾತು. ಇದೇ ಕಡೀ ಸಲ ಕೇಳಾಕ ಬಂದೀನಿ. ನನ್ನ ಕಡೆ ಒಂದು ಜಾಗಾ ಖಾಲಿ ಆಗೇತಿ. ಅಂಬಾ ಬರೂದಾದರ ಇವತ್ತ ಟಾಂಗಾದಾಗ ಕರಕೊಂಡು ಹೋಗತೀನಿ. ಇಲ್ಲಾಂದ್ರ ನಾಳೆ ಬ್ಯಾರೆ ಹುಡುಗಿ ಬರತಾಳ."

"ಬಾಯೀ, ನನಗೇನು ಆಕಿ ಚಲೋ ಆಗೂದು ಬ್ಯಾಡೇನು?" ರಾಘಣ್ಣ ನೊಂದ ದನಿಯಲ್ಲಿ ಅಂದರು. ನೋವು ನಿಜವಾದದ್ದು. "ಆದರ ಅಂಥಾ ವಸ್ತು ಮನ್ಯಾಗ ಅದ..."

"ಏನು ಮಹಾ ವಸ್ತು! ನಾನೂ ಒಮ್ಮೆ ನೋಡೀನಿ ಅದನ್ನ. ಒಂದು ಬುಡ್ಡಿ."

"ಆ ಬುಡ್ಡೀ ಕಿಮ್ಮತ್ತು ನಿಮಗೇನು ಗೊತ್ತು? ಕೇಳ್ರಿ, ಇವನs ಮಾಡಿದಾವ." ರಾಘಣ್ಣ ಕಂಬಕ್ಕೊರಗಿ ನಿಂತಿದ್ದ ದಿಗಂಬರನ ಕಡೆ ತಿರುಗಿದರು. "ನೀನs ಹೇಳಪಾ. ನೀ ಕಲಿತಾವ. ಅದನ್ನ ಹಂಗs ಬಿಟ್ಟು ಹೋಗಲಿಕ್ಕೆ ಬರತದೇನು? ಒಬ್ಬರು ಇರಬೇಕೋ ಬ್ಯಾಡೋ? ನೀ ಬ್ಯಾಡ ಅಂದರ ಆಕಿ ಇವತ್ತs ಹೋಗಲಿ. ದೇವರಾಣಿ, ನಾ ತಡಿಯೂದಿಲ್ಲ."

ದೇವರ ಕೋಣೆಯ ಬಾಗಿಲು ತೆರೆದಿತ್ತು. ಅಂಬಾ ಹೊಸ್ತಿಲ ಮೇಲೆ ಬಂದು ನಿಂತಿದ್ದಳು. ಅಂಗಳದ ಮೋಡದ ಬೆಳಕಿಗೂ ಅವಳ ಕಣ್ಣು ಕಿರಿದಾಗಿತ್ತು, ಆದರೆ ಸೆರಗು ಮರೆ ಮಾಡಿರಲಿಲ್ಲ. ನೇರ ಅವನನ್ನೇ ನೋಡುತ್ತಿದ್ದಳು. ಅಡಿಗೆಮನೆಯಲ್ಲಿ ಗೋದಾ ಒರಳಿನ ಸದ್ದು ನಿಲ್ಲಿಸಿದಳು.

ದಿಗಂಬರನ ನಾಲಿಗೆಯ ಮೇಲೆ ಮಾತು ಇತ್ತು. "ಬ್ಯಾಡ" ಎಂದರೆ ಸಾಕಾಗಿತ್ತು. ಆದರೆ ಬೇಡ ಎಂದ ಕೂಡಲೇ ಯಾಕೆ ಬೇಡ ಎಂದು ಕೇಳುತ್ತಾರೆ. ಯಾಕೆಂದು ಹೇಳಿದ ಕೂಡಲೇ ಯಾವಾಗಿನಿಂದ ಗೊತ್ತಿತ್ತು ಎಂದು ಕೇಳುತ್ತಾರೆ. ರಾಘಣ್ಣ ಕೇಳದಿದ್ದರೂ ಅವಳು ಕೇಳುತ್ತಾಳೆ. ಬಾಯಿಂದ ಕೇಳುವುದೂ ಇಲ್ಲ, ಹೀಗೇ ನೋಡುತ್ತಾಳೆ. ಆ ನೋಟವನ್ನು ಅವನು ಮುಂದಕ್ಕೆ ಸಾಗಿಸಿ ನೋಡಿದ, ಇವತ್ತು, ನಾಳೆ, ಬದುಕು ಇರುವ ತನಕ. ಇನ್ನೊಂದು ಯೋಚನೆಯೂ ಬಂತು, ಅದಕ್ಕಿಂತ ಸಣ್ಣದು: ಅವಳು ಹೋದರೆ ಮಧ್ಯಾಹ್ನಗಳಲ್ಲಿ ಆ ಹೊಸ್ತಿಲ ಹೊರಗೆ ತಾನು ಯಾರ ಜೊತೆ ಕೂರುವುದು? ಆ ಯೋಚನೆ ಎಲ್ಲಿಂದ ಬಂತೆಂದು ಅವನಿಗೇ ದಿಗಿಲಾಯಿತು. ಅಷ್ಟರಲ್ಲಿ ಹೊತ್ತು ಮೀರಿತ್ತು.

"ನೋಡ್ರಿ," ಎಂದರು ರಾಘಣ್ಣ. "ಅವಗೂ ಹೇಳಲಿಕ್ಕೆ ಬಾಯಿ ಬರವಲ್ತು."

ನರ್ಮದಾಬಾಯಿ ಎದ್ದರು. ಕೊಡೆ ಬಿಚ್ಚುವ ಮೊದಲು ಅಂಬಾಳ ಹತ್ತಿರ ಹೋಗಿ, ಮಡಿಯೆಂಬುದನ್ನೂ ಲೆಕ್ಕಿಸದೆ, ಅವಳ ಎರಡೂ ಕೈ ಹಿಡಿದು ತಿರುವಿ ನೋಡಿದರು. ಮೆಲ್ಲಗೆ ಬಿಟ್ಟು ಮೆಟ್ಟಿಲಿಳಿದರು. ಟಾಂಗಾದ ಸದ್ದು ಓಣಿಯ ತಿರುವಿನವರೆಗೆ ಕೇಳಿಸಿತು.

"ಮೈಲಿಗಿ ಆತು," ಎಂದಳು ಅಂಬಾ, ಯಾರಿಗೂ ಅಲ್ಲದೆ. ಬಚ್ಚಲಿಗೆ ಹೋಗಿ ತಲೆಯ ಮೇಲೆ ನೀರು ಹೊಯ್ದುಕೊಂಡು, ಒದ್ದೆ ಸೀರೆಯಲ್ಲಿ ಮರಳಿ ಬಂದಳು. ದಿಗಂಬರ ಇನ್ನೂ ಕಂಬದ ಹತ್ತಿರವೇ ಇದ್ದ. ಅವನ ಮುಂದೆ ಹಾಯುವಾಗ ಒಂದು ಗಳಿಗೆ ನಿಂತಳು.

"ನೀ ಏನರೆ ಅಂತೀ ಅಂತ ಮಾಡಿದ್ದೆ," ಎಂದಳು. ಸಿಟ್ಟಿರಲಿಲ್ಲ. ಒಳಗೆ ಹೋಗಿ ಬಾಗಿಲು ಎಳೆದುಕೊಂಡಳು. ಅಗುಳಿ ಬಿದ್ದ ಸದ್ದಾಯಿತು.

ಆಮೇಲೆಯೂ ಅವನು ಎಷ್ಟೋ ಮಧ್ಯಾಹ್ನ ಆ ಹೊಸ್ತಿಲ ಹೊರಗೆ ಕೂತ. ಮಳೆಯ ಮಾತು, ಕಾಲೇಜಿನ ಮಾತು, ಧಾರವಾಡದ ಮಾತು ಆಡಿದ. ಒಳಗಿನಿಂದ ಅವಳು ಹೂಂಗುಟ್ಟುತ್ತಿದ್ದಳು. ಆ ಬುಡ್ಡಿಯಲ್ಲಿದ್ದದ್ದು ಕಸ, ಅದನ್ನು ಯಾರೂ ಕದಿಯುವುದಿಲ್ಲ, ಅದನ್ನು ಯಾರೂ ಕಾಯಬೇಕಿಲ್ಲ ಎಂಬುದೊಂದನ್ನು ಮಾತ್ರ ದಿಗಂಬರ ಅಂಬಾಳಿಗೆ ಎಂದೂ ಹೇಳಲಿಲ್ಲ.